ಒಡೆಯದ ಕಲ್ಲು, ಒಡೆಯಬಾರದ ಕಲ್ಲು

ಮೈನ್‌ಕ್ರಾಫ್ಟ್ ಎಂಬ ಗಣಕಕ್ರೀಡೆಯ ಹೆಸರನ್ನು ಕೇಳದ ಹಿರಿಯರು ಬೆಂಗಳೂರಿನ ವೈಟ್‌ಫೀಲ್ಡಿನ ಬಹುಮಹಡಿ ಮನೆಗಳಲ್ಲಿ ಈಗ ವಿರಳ. ಕೇಳಿಯೂ ಅದರೊಳಗೇನಿದೆಯೆಂದು ವಿಚಾರಿಸಿದವರು ಇನ್ನೂ ವಿರಳ. ಸ್ವೀಡನ್ ದೇಶದ ಮಾರ್ಕಸ್ ಪರ್ಸನ್ 2009ರಲ್ಲಿ ಆರಂಭಿಸಿ, 2011ರ ನವೆಂಬರಿನಲ್ಲಿ ಪೂರ್ಣರೂಪದಲ್ಲಿ ಹೊರತಂದ, 2014ರಲ್ಲಿ ಮೈಕ್ರೋಸಾಫ್ಟ್ ಸಂಸ್ಥೆಯು 250 ಕೋಟಿ ಡಾಲರಿಗೆ ಕೊಂಡುಕೊಂಡ, 30 ಕೋಟಿಗೂ ಮಿಕ್ಕಿ ಪ್ರತಿಗಳು ಮಾರಾಟವಾಗಿರುವ ಈ ಆಟದಲ್ಲಿ ಗೆಲ್ಲಲೇಬೇಕೆಂಬ ನಿರ್ಬಂಧವಿಲ್ಲ, ಇಂತಿಷ್ಟು ಹೊತ್ತಿಗೆ ಮುಗಿಸಬೇಕೆಂಬ ಅವಸರವೂ ಇಲ್ಲ. ಒಂದೊಂದು ಮೀಟರು ಉದ್ದಗಲ ಎತ್ತರಗಳುಳ್ಳ ಘನಗಳಿಂದಲೇ ನಿರ್ಮಿತವಾದ ಲೋಕ ಅದು. ಅಲ್ಲಿ ಮಣ್ಣು, ಮರ, ಕಲ್ಲು, ಅದಿರು ಯಾವುದನ್ನಾದರೂ ಅಗೆದು ಚೀಲಕ್ಕೆ ತುಂಬಿಕೊಳ್ಳಬಹುದು, ಅಗೆದುದನ್ನು ಬೇಕಾದೆಡೆ ಪೇರಿಸಿ ಕೋಟೆಯನ್ನೋ ಸೇತುವೆಯನ್ನೋ ಕಟ್ಟಬಹುದು, ಬೇಸರ ಬಂದರೆ ಕೆಡವಲೂಬಹುದು. ಹೀಗೆ ಬಹುಮಟ್ಟಿಗೆ ಎಲ್ಲವೂ ಒಡೆಯತಕ್ಕುದಾಗಿರುವ ಆ ಲೋಕದಲ್ಲಿ ಒಡೆಯದ ಪದಾರ್ಥಗಳು ಕೆಲವೇ ಕೆಲವು. ಅವುಗಳ ವಿಷಯವಾಗಿ ಪತ್ರಿಕೆಯೊಂದರಲ್ಲಿ ಬರೆಯುವುದು ಮಕ್ಕಳಾಟಿಕೆಯೆಂದು ಕೆಲವರಿಗೆ ತೋರೀತು. ಬೆಂಗಳೂರಿನ ಹೊರವಲಯದಲ್ಲಿ ನೆಲವನ್ನು ನಾವು ನಡೆಸಿಕೊಳ್ಳುತ್ತಿರುವ ರೀತಿಯನ್ನು ನೋಡಿದವರಿಗೆ ಹಾಗೆ ತೋರಲಾರದೆಂದು ನನ್ನ ನಂಬಿಕೆ.

ಆಬ್ಸಿಡಿಯನ್ ಎಂಬ ಕಪ್ಪುಶಿಲೆಯನ್ನು ಮೊದಲು ನೋಡೋಣ. ಆಟದಲ್ಲಿ ಇದು ಲಾವಾರಸದ ಮೇಲೆ ನೀರು ಹರಿದಾಗ ಹುಟ್ಟುತ್ತದೆ. ಬರಿಗೈಯಲ್ಲಿ ಗುದ್ದುವವನು 250 ಸೆಕೆಂಡು ಬೆವರು ಸುರಿಸಬೇಕು, ಸುರಿಸಿಯೂ ಅವನಿಗೆ ಚೂರೊಂದೂ ದಕ್ಕುವುದಿಲ್ಲ. ವಜ್ರದ ಪಿಕಾಸಿಯಿಂದ ಒಂಬತ್ತು ಸೆಕೆಂಡಿನ ಮೇಲೆ ತುಸು ಹೊತ್ತಾಗುತ್ತದೆ. ಟಿಎನ್‌ಟಿ ಸಿಡಿಮದ್ದಿಗಂತೂ ಅದು ಜಗ್ಗುವುದೇ ಇಲ್ಲ. ನಿಸರ್ಗದ ಆಬ್ಸಿಡಿಯನ್ ಕೇವಲ ಜ್ವಾಲಾಮುಖಿಯ ಗಾಜು, ಸುತ್ತಿಗೆಯ ಒಂದೇಟಿಗೆ ಚಕ್ಕೆಯೇಳುವಂಥದು, ಎಂಬುದನ್ನು ಆಟದ ಕರ್ತೃಗಳು ಲೆಕ್ಕಕ್ಕಿಟ್ಟಂತಿಲ್ಲ, ಇರಲಿ. ಆಬ್ಸಿಡಿಯನ್ ಎಷ್ಟೇ ಬಲಿಷ್ಠವಾದರೂ ಸಹನೆಯುಳ್ಳವನಿಗೆ ಸೋಲುತ್ತದೆ. ಲೋಕದ ತೀರ ತಳದಲ್ಲಿ ಹಾಸಿರುವ ಬೆಡ್‌ರಾಕ್, ಎಂದರೆ ತಳಬಂಡೆ, ಯಾರಿಗೂ ಸೋಲುವುದಿಲ್ಲ. ಆಟದ ಲೆಕ್ಕದಲ್ಲಿ ಪ್ರತಿಯೊಂದು ಪದಾರ್ಥಕ್ಕೂ ಕಾಠಿಣ್ಯದ ಒಂದು ಅಂಕಿ ಉಂಟು: ಸಾಧಾರಣ ಕಲ್ಲಿಗೆ 1.5, ಆಬ್ಸಿಡಿಯನ್ನಿಗೆ 50. ಹಾಗಾದರೆ ತಳಬಂಡೆಯದು ಐದು ಸಾವಿರವೋ ಐದು ಲಕ್ಷವೋ ಇರಬೇಕೆಂದು ಊಹಿಸುವವನಿಗೆ ದೊರೆಯುವ ಉತ್ತರ ಋಣ 1. ಇದನ್ನು ಒಡೆಯುವ ಲೆಕ್ಕಾಚಾರವನ್ನೇ ಹಾಕತಕ್ಕದ್ದಲ್ಲವೆಂದು ತಂತ್ರಾಂಶಕ್ಕೆ ತಿಳಿಸುವ ಸಂಕೇತ ಅದು. ಎಲ್ಲ ಕಲ್ಲುಗಳಿಗಿಂತ ಗಟ್ಟಿಯಾದ ಕಲ್ಲೆಂದು ಮಕ್ಕಳು ಭಾವಿಸಿರುವ ತಳಬಂಡೆಗೆ, ವಾಸ್ತವವಾಗಿ, ಗಟ್ಟಿತನವೆಂಬ ಗುಣವೇ ಇಲ್ಲ. ಅದಕ್ಕಿರುವುದು ಒಂದು ಆಜ್ಞೆ. ಅದನ್ನು ಅಗೆದು ದಾಟಿದವನು ಕೆಳಗಿನ ಶೂನ್ಯಕ್ಕೆ ಬಿದ್ದು ಸಾಯುವನಾದ್ದರಿಂದ ಆಜ್ಞೆಗೆ ಕಾರಣವೂ ಉಂಟು. ಇಷ್ಟಾದರೂ, ಸರ್ವೈವಲ್ ಎಂಬ ಕ್ರಮದಲ್ಲಿ ಹಸಿವು, ಗಾಯ, ಸಾವುಗಳಿಗೆ ಒಳಪಟ್ಟು ಆಡುವವನಿಗೆ ಅಭೇದ್ಯವಾದ ಅದೇ ಬಂಡೆ, ಕ್ರಿಯೇಟಿವ್ ಎಂಬ ಕ್ರಮದಲ್ಲಿ ಸಕಲ ಸಾಮಗ್ರಿಯನ್ನೂ ಧರ್ಮಾರ್ಥವಾಗಿ ಪಡೆದು ಆಡುವವನಿಗೆ ಒಂದೇ ತಟ್ಟಿಗೆ ಮಾಯವಾಗುತ್ತದೆ.

ಬೆಂಗಳೂರಿಗೂ ಒಂದು ತಳಬಂಡೆ ಉಂಟು. ಲಾಲ್‌ಬಾಗಿನಲ್ಲಿ ಕೆಂಪೇಗೌಡರ ಗೋಪುರವನ್ನು ಹೊತ್ತು ನಿಂತಿರುವ ಬಂಡೆಯನ್ನು ಬೆಳಗಿನ ಸಂಚಾರದವರು ದಿನವೂ ಹತ್ತಿಳಿಯುತ್ತಾರೆ. ಮೈಸೂರು ಸಂಸ್ಥಾನದ ಭೂವಿಜ್ಞಾನ ಇಲಾಖೆಯ ಡಬ್ಲ್ಯು. ಎಫ್. ಸ್ಮೀತ್ ಅವರು ಈ ಜಾತಿಯ ಶಿಲೆಗೆ 1916ರಲ್ಲಿ ಪೆನಿನ್ಸುಲರ್ ನೈಸ್ ಎಂದು ಹೆಸರಿಟ್ಟರು. ಅದರ ವಯಸ್ಸು ಸುಮಾರು 300 ಕೋಟಿ ವರ್ಷಗಳೆಂದು ಗಣನೆ. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣ ಸಂಸ್ಥೆಯು ಅದನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಘೋಷಿಸಿ ಫಲಕ ನಿಲ್ಲಿಸಿದೆ. ವೈಟ್‌ಫೀಲ್ಡಿನ ಗಾಜಿನ ಸೌಧಗಳ ಅಡಿಪಾಯ, ಎಲೆಕ್ಟ್ರಾನಿಕ್ ಸಿಟಿಯ ಮೇಲ್ರಸ್ತೆಯ ಕಂಬಗಳು, ಪೀಣ್ಯದ ಕಾರ್ಖಾನೆಗಳ ಯಂತ್ರಪೀಠಗಳು ಇವೆಲ್ಲವೂ ಕೆಂಪುಮಣ್ಣನ್ನೂ ಗರಸನ್ನೂ ದಾಟಿ ಕಡೆಗೆ ಆತುಕೊಳ್ಳುವುದು ಇದೇ ಶಿಲಾಕುಲವನ್ನು.

ಆ ಶಿಲೆಯನ್ನು ನಮ್ಮವರು ಒಡೆಯಲಾರದೆ ಕೈಕಟ್ಟಿ ಕುಳಿತಿದ್ದರೆಂದು ಭಾವಿಸತಕ್ಕದ್ದಿಲ್ಲ. ಸಿಡಿಮದ್ದು ಬಳಕೆಗೆ ಬರುವುದಕ್ಕೆ ಮುನ್ನವೇ ಬೆಂಗಳೂರಿನ ಸುತ್ತಿನ ಕಲ್ಲುಗಣಿಗಳಲ್ಲಿ ಭೋವಿ ಜನರು ಕಟ್ಟಿಗೆಯ ಬೆಂಕಿಯಿಂದ ಬಂಡೆಯ ಪದರವನ್ನೆಬ್ಬಿಸುತ್ತಿದ್ದರು. ಬಂಡೆಯ ಮೈಮೇಲೆ ಕಿರಿದಾದ ಸಾಲಿನಲ್ಲಿ ಉರಿ ಹೊತ್ತಿಸಿ, ಒಬ್ಬನು ಸುತ್ತಿಗೆಯಿಂದ ತಟ್ಟುತ್ತ, ಗಟ್ಟಿಯಾದ ಸದ್ದು ಪೊಳ್ಳಾಗಿ ಮಾರ್ಪಟ್ಟಿತೆಂದರೆ ಪದರ ಬಿಟ್ಟಿತೆಂದು ತಿಳಿದು, ಉರಿಯನ್ನು ಮೆಲ್ಲನೆ ಮುಂದಕ್ಕೆ ತಳ್ಳುತ್ತ ಹೋದರೆ, ಸಂಜೆಯ ವೇಳೆಗೆ ಕೆಲವೇ ಅಂಗುಲ ದಪ್ಪದ, ಅಂಗಳದಷ್ಟು ವಿಸ್ತಾರವಾದ ಹಾಸು ಕಾವಲಿಯಿಂದ ದೋಸೆ ಬಿಟ್ಟಂತೆ ಬಿಡಿಯಾಗಿ ಬಿದ್ದಿರುತ್ತಿತ್ತು. ಬಳಿಕ ಅದರ ಮೇಲೆ ಗೆರೆ ಹೊಡೆದು, ಚಾಣದಿಂದ ಸಾಲಾಗಿ ಪೆಟ್ಟು ಕೊಟ್ಟು ಸೀಳಿದರೆ ಚಪ್ಪಡಿ, ಕಂಬ, ಮೆಟ್ಟಿಲು. ಹಳೆಯ ಹಳ್ಳಿಗಳ ದನದ ಕೊಟ್ಟಿಗೆಯಿಂದ ದಂಡುಪ್ರದೇಶದ ಬಂಗಲೆಗಳ ಆವರಣದವರೆಗೆ ನಿಂತ ಕಲ್ಲು ಹೀಗೆ ಬಂದದ್ದು. 300 ಕೋಟಿ ವರ್ಷ ಬಾಳಿದ ಬಂಡೆಗೆ ಒಂದು ಹೊರೆ ಸೌದೆ ಸಾಕಾಯಿತು.

ಈಗಿನ ಸಾಧನಗಳು ಅದಕ್ಕಿಂತ ನಿರ್ದಯವಾದುವು. ಕೊಳವೆಬಾವಿ ಕೊರೆಯುವ ಲಾರಿ ವೈಟ್‌ಫೀಲ್ಡಿನ ಖಾಲಿ ನಿವೇಶನವೊಂದರಲ್ಲಿ ರಾತ್ರಿ ಕೆಲಸಕ್ಕೆ ನಿಂತಾಗ ಸುತ್ತಲಿನ ನಾಲ್ಕು ಬೀದಿಗಳವರು ನಿದ್ರೆಯಿಲ್ಲದೆ ಕೇಳುವ ಆ ಗುದ್ದಾಟದ ಶಬ್ದವು, ಟಂಗ್‌ಸ್ಟನ್ ಕಾರ್ಬೈಡಿನ ಗುಂಡಿಗಳನ್ನು ಮುಖಕ್ಕೆ ಹೊದ್ದಿಸಿದ ಕೊರೆಮೊನೆಯು ಗಾಳಿಯೊತ್ತಡದಿಂದ ಬಂಡೆಯನ್ನು ಪುಡಿಗೈಯುವ ಶಬ್ದ. ಬಾವಿಯ ಬಾಯಿಂದ ಹೊರಬರುವುದು ಬೂದಿಬಣ್ಣದ ಹಿಟ್ಟು. ಬಿರುಕು ಸಿಕ್ಕರೆ ನೀರು. ಸಾವಿರ ಅಡಿಯನ್ನು ದಾಟಿಯೂ ಹಿಟ್ಟೇ ಬಂದ ಬಾವಿಗಳು ಆ ಭಾಗದಲ್ಲಿ ಬೇಕಾದಷ್ಟಿವೆ. 2024ರ ಬೇಸಗೆಯಲ್ಲಿ ನಗರದ ಹದಿನಾಲ್ಕು ಸಾವಿರದ ಆಸುಪಾಸಿನ ಸರ್ಕಾರಿ ಕೊಳವೆಬಾವಿಗಳಲ್ಲಿ ಸುಮಾರು ಅರ್ಧದಷ್ಟು ಬತ್ತಿವೆಯೆಂದು ಸರ್ಕಾರವೇ ಹೇಳಿತು. ಮೆಟ್ರೋ ಸುರಂಗ ಕೊರೆಯಲು ಬಂದ ಯಂತ್ರಗಳಿಗೆ ಕಾವೇರಿ, ಕೃಷ್ಣಾ, ಗೋದಾವರಿ, ತುಂಗಾ, ಭದ್ರಾ ಎಂದು ಹೆಸರಿಟ್ಟದ್ದನ್ನು ಇಲ್ಲಿ ನೆನೆಯಬಹುದು; ದೊಡ್ಡ ನದಿಯಿಲ್ಲದ ಊರಿನಲ್ಲಿ ಬಂಡೆಯನ್ನು ಅರೆಯುವ ಕಬ್ಬಿಣಕ್ಕೆ ನದಿಗಳ ಹೆಸರು! ಇನ್ನು ಜಲ್ಲಿಗಾಗಿ ಬಗೆದು ಬಿಟ್ಟ ಕಲ್ಲುಗಣಿಗಳ ಗತಿ ಬೆಳ್ಳಹಳ್ಳಿ, ಮಿಟ್ಟಗಾನಹಳ್ಳಿಗಳಲ್ಲಿ ಏನಾಯಿತೆಂಬುದು ಎಲ್ಲರಿಗೂ ತಿಳಿದದ್ದೇ: ನಗರದ ಕಸದ ಲಾರಿಗಳು ಅವುಗಳನ್ನು ತುಂಬಿದುವು.

ಹೀಗಿರಲು, ಲಾಲ್‌ಬಾಗಿನ ಬಂಡೆ ಮಾತ್ರ ಹೇಗೆ ಉಳಿಯಿತು? ಅದರ ಖನಿಜಗಳು ಬೇರೆಯಲ್ಲ, ಅದರ ಕಾಠಿಣ್ಯ ಹೆಚ್ಚಲ್ಲ. ಮೊದಲು ಅರಮನೆಯ ತೋಟವೆಂಬ ಮರ್ಯಾದೆ, ಆಮೇಲೆ ಸರ್ಕಾರಿ ಉದ್ಯಾನವೆಂಬ ಬೇಲಿ, ಕಡೆಗೆ ಸ್ಮಾರಕವೆಂಬ ಘೋಷಣೆ ಅದರ ಮುಂದೆ ಒಂದರ ಹಿಂದೊಂದು ನಿಂತುವು. ಆಟದ ತಳಬಂಡೆಗಿರುವ ಋಣ 1ರಂತೆಯೇ ಅದಕ್ಕೂ ಯಾರೋ ಒಂದು ಅಂಕಿಯನ್ನು ಬರೆದಿಟ್ಟರು.

ಪದಾರ್ಥದ ಬಲದಲ್ಲಿಯೇ ಅವಿನಾಶಿತ್ವವನ್ನು ಹುಡುಕುವವರು ಒಮ್ಮೆ ಪೀಣ್ಯದ ಶಾಖೋಪಚಾರದ ಶೆಡ್ಡುಗಳಲ್ಲಿ ನಿಂತು ನೋಡಬೇಕು. ಇ.ಎನ್. 31 ಎಂದು ಕರೆಯುವ ಉಕ್ಕಿನ ಬಿಡಿಭಾಗಗಳನ್ನು 800 ಡಿಗ್ರಿ ಮೀರಿ ಕಾಯಿಸಿ, ಕೆಂಪಗಿರುವಾಗಲೇ ಎಣ್ಣೆಯಲ್ಲಿ ಅದ್ದುತ್ತಾರೆ. ಹೊಗೆಯಾಡುತ್ತ ಮೇಲೆ ಬಂದ ತುಂಡನ್ನು ಒರಸಿ, ರಾಕ್‌ವೆಲ್ ಯಂತ್ರದ ಕೆಳಗಿಟ್ಟು, ವಜ್ರದ ಪುಟ್ಟ ಮೊನೆಯಿಂದ ಒತ್ತಿದರೆ ಮುಳ್ಳು 60ನ್ನು ದಾಟಿ ನಿಲ್ಲುತ್ತದೆ. ಅರ ಹಾಕಿ ಉಜ್ಜಿದರೆ ಅರವೇ ಜಾರುವಷ್ಟು ಗಡಸು. ಆದರೆ ಆ ಸ್ಥಿತಿಯಲ್ಲಿ ಅದನ್ನು ಯಾವ ಕಾರ್ಖಾನೆಗೂ ಕಳುಹಿಸುವುದಿಲ್ಲ. "ಟೆಂಪರಿಂಗ್ ಮಾಡ್ದೆ ಕೊಟ್ರೆ ಕೈ ಜಾರಿ ಬಿದ್ರೂ ಸೀಳಿಬಿಡುತ್ತೆ ಸಾರ್, ಕೆಲವು ಸಲ ರಾತ್ರಿ ಇಟ್ಟಲ್ಲೇ ಬಿರುಕು ಬಿಟ್ಟಿರುತ್ತೆ" ಎಂದು ಅಲ್ಲಿಯ ಕೆಲಸಗಾರರೊಬ್ಬರು ನನಗೆ ವಿವರಿಸಿದರು. ಆದುದರಿಂದ ಅದನ್ನು ಮತ್ತೆ ಹದವಾದ ಕಾವಿನಲ್ಲಿ ಇರಿಸಿ, ಗಡಸನ್ನು ಒಂದೆರಡು ಅಂಕ ಬಿಟ್ಟುಕೊಟ್ಟು, ಪೆಟ್ಟು ತಾಳುವ ಗುಣವನ್ನು ತರಿಸುತ್ತಾರೆ. ಪಕ್ಕದ ಶೆಡ್ಡಿನಲ್ಲಿ ಉಕ್ಕನ್ನು ಕತ್ತರಿಸುವ ಕಾರ್ಬೈಡ್ ಇನ್ಸರ್ಟುಗಳ ಅಂಚು ಸವೆದಾಗ ಅವನ್ನು ಡಬ್ಬವೊಂದರಲ್ಲಿ ಕೂಡಿಹಾಕಿ ಕೆ.ಜಿ. ಲೆಕ್ಕದಲ್ಲಿ ಗುಜರಿಗೆ ಮಾರುತ್ತಾರೆ. ಸವೆಯದ ವಸ್ತುವನ್ನು ಪೀಣ್ಯದವರು ಕಂಡಿಲ್ಲ. ಕಂಡಿದ್ದರೆ ಅವರಲ್ಲಿ ಅರ್ಧ ಜನಕ್ಕೆ ಕಸುಬಿರುತ್ತಿರಲಿಲ್ಲ.

ಅದೇ ಪೀಣ್ಯದ ಮೇಲೆ ತುಮಕೂರು ರಸ್ತೆಯ ಮೇಲ್ಸೇತುವೆ ಹಾದಿದೆ. 2010ರಲ್ಲಿ ಸಂಚಾರಕ್ಕೆ ತೆರೆದ ಈ ಕಾಂಕ್ರೀಟಿನ ರಚನೆಯನ್ನು ಕೆಳಗಿನಿಂದ ನೋಡಿದವರಿಗೆ ಅದು ಶಾಶ್ವತವೆಂದೇ ತೋರಿದ್ದರೆ ಆಶ್ಚರ್ಯವಿಲ್ಲ. 2021ರ ಡಿಸೆಂಬರಿನಲ್ಲಿ, ಕಾಂಕ್ರೀಟಿನ ಒಡಲಲ್ಲಿದ್ದು ಅದನ್ನು ಬಿಗಿದು ಹಿಡಿದಿದ್ದ ಉಕ್ಕಿನ ಕೇಬಲ್‌ಗಳು ತುಕ್ಕಿನಿಂದ ಸಡಿಲಗೊಂಡಿವೆಯೆಂದು ತಿಳಿದು ಸಂಚಾರವನ್ನು ನಿಲ್ಲಿಸಿದರು. ಎರಡು ತಿಂಗಳ ಬಳಿಕ ಲಘುವಾಹನಗಳಿಗೆ ಬಿಟ್ಟರು. ಹೊಸ ಕೇಬಲ್‌ಗಳನ್ನು ತೂರಿಸಿ, ಪರೀಕ್ಷಿಸಿ, ಭಾರಿ ವಾಹನಗಳಿಗೆ ಅನುಮತಿ ಕೊಡುವಷ್ಟರಲ್ಲಿ 2024ರ ಜುಲೈ ಬಂದಿತ್ತು. ಮೈನ್‌ಕ್ರಾಫ್ಟಿನಲ್ಲಿಯೂ 2021ರಿಂದ ತಾಮ್ರದ ಘನಗಳು ಕಾಲಕ್ರಮದಲ್ಲಿ ಹಸಿರು ಕಿಲುಬು ಹಿಡಿಯುತ್ತವೆ. ಆದರೆ ಆ ಕಿಲುಬಿನಿಂದ ಅವುಗಳ ಬಲ ಎಳ್ಳಷ್ಟೂ ಕುಗ್ಗುವುದಿಲ್ಲ, ಅದು ಬರಿಯ ಅಲಂಕಾರ. ಆಟದ ಕರ್ತೃಗಳು ಮಕ್ಕಳಿಗೆ ಕೊಟ್ಟಿರುವ ಲೋಕದಲ್ಲಿ ನಮ್ಮ ಲೋಕದಿಂದ ಅತಿ ದೂರವಾದದ್ದು ಯಾವುದೆಂದು ಕೇಳಿದರೆ ನಾನು ರಾಕ್ಷಸರನ್ನೂ ಮಹಾಸರ್ಪಗಳನ್ನೂ ತೋರಿಸದೆ ಈ ತುಕ್ಕನ್ನು ತೋರಿಸಿಯೇನು.

ಪದಾರ್ಥವನ್ನು ನಂಬದೆ ಆಜ್ಞೆಯನ್ನು ನಂಬುವ ವಿವೇಕ ನಮ್ಮ ಹಿಂದಿನವರಿಗೆ ಇತ್ತು. ಕಾಡುಗೋಡಿಯಲ್ಲಿರುವ ಕ್ರಿ.ಶ. 1043ರ ಚೋಳರ ಕಾಲದ ತಮಿಳು ಶಾಸನವು ಪಟ್ಟಂದೂರು ಕೆರೆಯನ್ನು ಕಟ್ಟಿಸಿ ತೂಬುಗಳನ್ನಿರಿಸಿದ ಸಂಗತಿಯನ್ನು ಹೇಳುತ್ತದೆ. ಎಂದರೆ ಈಗ ಐಟಿಪಿಎಲ್ ಎಂದು ಜನ ಕರೆಯುವ ಪ್ರದೇಶದ ನೆಲಕ್ಕೆ ಸಾವಿರ ವರ್ಷದ ಹಿಂದೆಯೇ ನೀರಿನ ನಕ್ಷೆಯೊಂದು ಏರ್ಪಟ್ಟಿತ್ತು. ಎಲೆಕ್ಟ್ರಾನಿಕ್ ಸಿಟಿಯ ಮಗ್ಗುಲಿನ ಬೇಗೂರಿನ ವೀರಗಲ್ಲಿನಲ್ಲಿ ಬೆಂಗಳೂರೆಂಬ ಹೆಸರು ಒಂಬತ್ತನೆಯ ಶತಮಾನದಿಂದ ಕೂತಿದೆ. ದತ್ತಿ ಬಿಟ್ಟ ಭೂಮಿ ಚಂದ್ರಸೂರ್ಯರಿರುವ ತನಕ ನಡೆಯಲೆಂದು ಬರೆಸಿ, ಕೆಡಿಸಿದವನಿಗೆ ವಾರಣಾಸಿಯಲ್ಲಿ ಗೋವುಗಳನ್ನು ಕೊಂದ ಪಾಪ ತಟ್ಟಲೆಂದು ಶಪಿಸಿ, ಕೆಳಗೆ ಸಾಕ್ಷಿಗಳ ಹೆಸರು ಕೆತ್ತಿಸುವ ಪದ್ಧತಿ ಕರ್ನಾಟಕದ ಶಾಸನಗಳಲ್ಲೆಲ್ಲ ಕಾಣುವಂಥದು. ಕಲ್ಲು ಗಟ್ಟಿಯೆಂಬ ಭರವಸೆಯೊಂದೇ ಅವರಿಗಿದ್ದಿದ್ದರೆ ಶಾಪವನ್ನು ಕೆತ್ತಿಸುತ್ತಿರಲಿಲ್ಲ. ಶಾಪಕ್ಕೆ ಅಂಜುವವರು ಇರುವ ತನಕ ಅದು ನಡೆಯಿತು.

ಶಾಪದ ಸ್ಥಾನಕ್ಕೆ ಈಗ ಕಂದಾಯದ ಕಡತ ಬಂದಿದೆ. ಹಳೆಯ ಗ್ರಾಮನಕಾಶೆಯಲ್ಲಿ ಕೆರೆ, ರಾಜಕಾಲುವೆ, ಗುಂಡುತೋಪು, ಸ್ಮಶಾನಗಳಿಗೆ ಗೆರೆಗಳಿವೆ. ಪಹಣಿಯಲ್ಲಿ ಬಿ ಖರಾಬು ಎಂಬ ಅಂಕಣವಿದೆ, ಅದರೊಳಗಿನ ಗುಂಟೆಗಳು ಯಾರ ಖಾತೆಗೂ ಸೇರತಕ್ಕವಲ್ಲ. ಮೂಲೆಗಳಲ್ಲಿ ಬಾಂದುಕಲ್ಲು ನೆಟ್ಟಿರುತ್ತದೆ, ಅದನ್ನು ಕಿತ್ತವನಿಗೆ 1964ರ ಭೂಕಂದಾಯ ಅಧಿನಿಯಮದಲ್ಲಿ ದಂಡವಿದೆ. ಕಾಗದದ ಮೇಲೆ ಇದು ಪರಿಪೂರ್ಣವಾದ ತಳಬಂಡೆ. ನೆಲದ ಮೇಲೆ ಬಾಂದುಕಲ್ಲು ರಾತ್ರೋರಾತ್ರಿ ನಡೆದಾಡುವುದನ್ನು ಬಲ್ಲವರು ಬಲ್ಲರು. ಕಾಲುವೆಯೊಂದು ಮೊದಲು ಕಿರಿದಾಗಿ, ಬಳಿಕ ದಿಕ್ಕು ಬದಲಿಸಿ, ಆಮೇಲೆ ಪೈಪಿನೊಳಕ್ಕೆ ಸೇರಿ, ಕಡೆಗೆ ಬಡಾವಣೆಯ ಅಡ್ಡರಸ್ತೆಯಾಗಿ ಪರಿಣಮಿಸುವುದನ್ನು ನೀರು ಮಾತ್ರ ಒಪ್ಪಲಿಲ್ಲ; 2022ರ ಸೆಪ್ಟೆಂಬರಿನಲ್ಲಿ ಬೆಳ್ಳಂದೂರು, ಯಮಲೂರು, ಸರ್ಜಾಪುರ ರಸ್ತೆಗಳ ನಿವಾಸಿಗಳು ಟ್ರ್ಯಾಕ್ಟರಿನಲ್ಲಿಯೂ ದೋಣಿಯಲ್ಲಿಯೂ ಮನೆಯಿಂದ ಹೊರಗೆ ಬಂದರು.

ನಿಯಮದ ಅಂಕಿಗಳೂ ನಿಂತಲ್ಲಿ ನಿಂತಿಲ್ಲ. ಕೆರೆಯ ಸುತ್ತ 75 ಮೀಟರು, ರಾಜಕಾಲುವೆಗಳ ದರ್ಜೆಗನುಗುಣವಾಗಿ 50, 35, 25 ಮೀಟರು ಕಟ್ಟಡವಿರಕೂಡದೆಂದು ರಾಷ್ಟ್ರೀಯ ಹಸಿರು ನ್ಯಾಯಾಧಿಕರಣವು 2016ರ ಮೇ ತಿಂಗಳಲ್ಲಿ ವಿಧಿಸಿತು. 2019ರ ಮಾರ್ಚಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ಆದೇಶವನ್ನು ರದ್ದುಪಡಿಸಿದ್ದರಿಂದ, ನಗರ ಯೋಜನೆಯಲ್ಲಿ ಹಿಂದೆ ಇದ್ದಂತೆ ಕೆರೆಗೆ 30, ಕಾಲುವೆಗಳಿಗೆ 50, 25, 15 ಮೀಟರುಗಳೇ ಉಳಿದುವು. ಯೋಜನೆಯ ನಿಯಮವನ್ನು ನ್ಯಾಯಾಧಿಕರಣವು ತಾನಾಗಿ ತಿದ್ದಲಾಗದೆಂಬ ನ್ಯಾಯಾಲಯದ ಮಾತು ಕಾನೂನಿನ ದೃಷ್ಟಿಯಿಂದ ಸರಿಯೇ ಇರಬಹುದು; ನಾನು ವಕೀಲನಲ್ಲ. ಆದರೆ ಮೂವತ್ತಾದರೂ ಮೂವತ್ತಾಗಿ ಉಳಿಯಿತೇ ಎಂಬುದು ಯಾವ ಕೆರೆಯ ದಂಡೆಯ ಮೇಲಾದರೂ ನಡೆದು ನೋಡಿದರೆ ತಿಳಿಯುತ್ತದೆ. ಮನೆಗೆ ಒಂದು ಕೋಣೆ ಏರಿಸಲು ನಕ್ಷೆ ಹಿಡಿದು ಕಚೇರಿಯಿಂದ ಕಚೇರಿಗೆ ಅಲೆಯುವ ಸಾಧಾರಣ ಗೃಹಸ್ಥನು ಸರ್ವೈವಲ್ ಕ್ರಮದಲ್ಲಿ ಆಡುತ್ತಿದ್ದಾನೆ. ಅವನ ಎದುರು ನಿಯಮವೆಲ್ಲ ಬೆಡ್‌ರಾಕ್. ನೂರಾರು ಎಕರೆಗಳ ವ್ಯವಹಾರಸ್ಥರಲ್ಲಿ ಕೆಲವರಿಗೆ ಕ್ರಿಯೇಟಿವ್ ಕ್ರಮದ ಕೀಲಿಕೈ ಎಲ್ಲಿಂದಲೋ ದೊರೆತಿದೆ.

ಕೀಲಿಕೈ ಇಲ್ಲದವರೂ ಸುಮ್ಮನಿರುವುದಿಲ್ಲವೆಂಬುದನ್ನು ಆಟವೇ ತೋರಿಸುತ್ತದೆ. ಪಿಸ್ಟನ್ ಎಂಬ ತಳ್ಳುಯಂತ್ರವನ್ನೂ ಸಿಡಿಮದ್ದನ್ನೂ ಕ್ಷಣದ ಒಂದಂಶವೂ ತಪ್ಪದಂತೆ ಹೊಂದಿಸಿ, ತಂತ್ರಾಂಶದ ಲೋಪವೊಂದರಲ್ಲಿ ನುಸುಳಿ, ಒಡೆಯದ ತಳಬಂಡೆಯನ್ನು ಒಡೆಯುವ ಉಪಾಯಗಳನ್ನು ಆಡುಗರು ಕಂಡುಹಿಡಿದಿದ್ದಾರೆ. ಕಾಠಿಣ್ಯವನ್ನು ಎದುರಿಸದೆ ಆಜ್ಞೆಯ ಸಂದಿಯನ್ನು ಹುಡುಕಿದ ಆ ಬುದ್ಧಿವಂತಿಕೆಗೆ ತಲೆದೂಗಬೇಕಾದ್ದೇ. ರಾಜಕಾಲುವೆಯ ಮೇಲೆ ಕಟ್ಟಡ ಎದ್ದದ್ದೂ ಬಹುಪಾಲು ಇದೇ ವಿದ್ಯೆಯಿಂದ: ಒಂದು ಕಚೇರಿಯ ನಕಾಶೆಯಲ್ಲಿರುವ ಗೆರೆ ಮತ್ತೊಂದು ಕಚೇರಿಯ ನಕ್ಷೆಯಲ್ಲಿಲ್ಲ, ಆ ಸಂದಿಯಲ್ಲಿ ಖಾತೆ ಹುಟ್ಟುತ್ತದೆ, ಖಾತೆಯ ಬಲದಿಂದ ಸಾಲ, ಸಾಲದ ಬಲದಿಂದ ಮಹಡಿ.

ಹಾಗೆಂದು ಎಲ್ಲ ಬಂಡೆಯನ್ನೂ ಎಲ್ಲ ಬಯಲನ್ನೂ ಮುಟ್ಟಕೂಡದೆಂದು ನಾನು ಹೇಳುತ್ತಿಲ್ಲ. ನಾವು ಕೂತಿರುವ ಮನೆಯೂ ನಡೆಯುವ ರಸ್ತೆಯೂ ಯಾವುದೋ ಗುಡ್ಡದ ಚೂರುಗಳೇ. ಆಟದಲ್ಲಿ ಕೂಡ ಎಲ್ಲ ಘನಗಳಿಗೂ ಋಣ 1 ಎಂದು ಬರೆದಿದ್ದರೆ ಯಾರೂ ಆಡುತ್ತಿರಲಿಲ್ಲ. ತಳವನ್ನೂ ಬೇರೆ ಕೆಲವು ವಸ್ತುಗಳನ್ನೂ ಬಿಟ್ಟು ಮಿಕ್ಕದ್ದೆಲ್ಲವನ್ನೂ ಆಡುಗನ ಕೈಗೆ ಒಪ್ಪಿಸಿದ್ದರಿಂದಲೇ ಆ ನಿಷೇಧಕ್ಕೆ ಗೌರವವಿದೆ. ನಮ್ಮಲ್ಲಿ ಹಸಿರು ವಲಯವೆಂದು ವಿಶಾಲ ಪ್ರದೇಶಕ್ಕೆ ಬಣ್ಣ ಬಳಿದು, ಅದರೊಳಗೆ ಬಡಾವಣೆಗಳೆದ್ದ ಮೇಲೆ ಸಕ್ರಮಗೊಳಿಸುವ ಪರಿಪಾಠವಿದೆ. ಅಷ್ಟೊಂದು ನಿಷೇಧ ಬೇಡ. ಕೆರೆಯಂಗಳ, ಕಾಲುವೆಯ ಪಾತ್ರ, ಉಳಿದಿರುವ ನಾಲ್ಕಾರು ಹೆಬ್ಬಂಡೆಗಳು, ಇಷ್ಟಕ್ಕೆ ನಿಜವಾದ ಬೀಗ ಬೀಳಲಿ.

ಆ ಬೀಗದ ಸ್ಥಳ ಉಪನೋಂದಣಿ ಕಚೇರಿ. ಈಗ ಒತ್ತುವರಿ ತೆರವೆಂದರೆ ಎಲ್ಲ ಮುಗಿದ ಮೇಲೆ ಜೆಸಿಬಿ ಬರುವುದು. 2016ರ ಆಗಸ್ಟಿನಲ್ಲಿ ಅವನಿ ಶೃಂಗೇರಿ ನಗರವೆಂಬ ಬಡಾವಣೆಯಲ್ಲಿ ಮನೆಗಳು ಉರುಳಿದಾಗ, ಮಂಜೂರಾದ ನಕ್ಷೆ, ಕಂದಾಯದ ರಸೀತಿ, ಬ್ಯಾಂಕಿನ ಕಾಗದಗಳನ್ನು ಕೈಯಲ್ಲಿ ಹಿಡಿದ ಸಂಸಾರಗಳು ಬೀದಿಯಲ್ಲಿ ನಿಂತಿದ್ದುವು. ನಿವೇಶನ ಮಾರಿದವನು ಆ ಬೀದಿಯಲ್ಲಿರಲಿಲ್ಲ. ಸರ್ವೆ ನಂಬರಿನ ಮೇಲೆ ನಿಂತು ಕೈಫೋನಿನಲ್ಲಿ ನೋಡಿದರೆ ಕೆರೆಕಾಲುವೆಗಳನ್ನು ತೋರಿಸುವ ದಿಶಾಂಕ್ ಎಂಬ ಸಾಧನವನ್ನು ಸರ್ಕಾರವೇ ಮಾಡಿಕೊಟ್ಟಿದೆ. ಆಸ್ತಿಪತ್ರಗಳ ನೋಂದಣಿಗೆ ಕಾವೇರಿ ಎಂಬ ತಂತ್ರಾಂಶವೂ ಇದೆ. ಮೊದಲನೆಯದು ಬಲ್ಲ ಗೆರೆಯನ್ನು ಎರಡನೆಯದು ದಾಟಗೊಡಕೂಡದು: ಬಿ ಖರಾಬಿನ ಗುಂಟೆಯೊಂದು ಮಾರಾಟಪತ್ರದ ಚೆಕ್ಕುಬಂದಿಯೊಳಕ್ಕೆ ಬಂದೊಡನೆಯೆ ಪತ್ರವು ಮುಂದಕ್ಕೆ ಹೋಗದೆ ನಿಲ್ಲಬೇಕು, ನಿಂತದ್ದನ್ನು ಬಿಡಿಸುವ ಅಧಿಕಾರ ಆ ಕಚೇರಿಯ ಯಾರ ಬೆರಳಿಗೂ ಇರಕೂಡದು, ಬಿಡಿಸಲೇಬೇಕಾದರೆ ಅದು ಕಾರಣಸಹಿತವಾಗಿ ರಾಜ್ಯಪತ್ರದಲ್ಲಿ ಅಚ್ಚಾಗಬೇಕು. ವರ್ತೂರು ಹೋಬಳಿಯಿಂದ ಆರಂಭಿಸುವುದು ಯುಕ್ತವೆಂದು ನನಗೆ ತೋರುತ್ತದೆ. ಅಲ್ಲಿ ಕೆರೆಯೂ ಉಂಟು, ಕಾಲುವೆಗಳ ಕುರುಹೂ ಉಂಟು, ಬಡಾವಣೆಯಾಗದ ಜಮೀನೂ ಅಷ್ಟಿಷ್ಟು ಉಳಿದಿದೆ. ಇಂಥ ತಂತ್ರಾಂಶವನ್ನು ಬರೆಯಬಲ್ಲವರು ಸಾವಿರಗಟ್ಟಲೆ ಜನ ಅದೇ ಹೋಬಳಿಯಲ್ಲಿ ಬಾಡಿಗೆ ಕೊಟ್ಟುಕೊಂಡು ವಾಸವಾಗಿದ್ದಾರೆ.